ನೋಟಿಸ್ ಬಂದ ಮೇಲೆ ಸುಮ್ಮನಿರಬೇಡಿ

(ಡೊಂಬಿವಲಿಯ ಕನ್ನಡಿಗರ ಸಭೆಯೊಂದರಲ್ಲಿ ಆಡಿದ ಮಾತಿನ ಬರಹ ರೂಪ. ಕೊನೆಯಲ್ಲಿ ಬಂದ ಪ್ರಶ್ನೆಗಳನ್ನೂ ಸೇರಿಸಿದ್ದೇನೆ.)

ಎಲ್ಲರಿಗೂ ನಮಸ್ಕಾರ.

ಸಾಲ ಬಾಕಿಯಾಗಿ ಬ್ಯಾಂಕಿನ ನೋಟಿಸ್ ಬಂದರೆ ಏನು ಮಾಡಬೇಕು ಎಂಬ ವಿಷಯದ ಮೇಲೆ ಮಾತು ಇಟ್ಟುಕೊಂಡಾಗ ಕೆಲವರು ಬರಲು ಹಿಂಜರಿದರಂತೆ. ‘ಅಲ್ಲಿ ಹೋಗಿ ಕೂತರೆ ನಮಗೂ ಸಾಲ ಬಾಕಿ ಇದೆ ಅಂತ ಜನ ಅಂದುಕೊಳ್ಳುತ್ತಾರೆ’ ಎಂದು ಅವರ ಅಳುಕು. ಮುಂಬೈಗೆ ಬಂದು, ಬೇರೆಯವರ ಹೋಟೆಲಿನಲ್ಲಿ ದುಡಿದು, ಆಮೇಲೆ ಸ್ವಂತ ಹೋಟೆಲ್ ಹಾಕಿದವರ ಸಮಾಜ ನಮ್ಮದು. ಊರಿನಲ್ಲಿ ನಮ್ಮ ಹೆಸರಿಗೆ ಒಂದು ಮರ್ಯಾದೆ ಇದೆ. ಆ ಮರ್ಯಾದೆಗೆ ಹೆದರಿಯೇ ನಮ್ಮವರು ಬ್ಯಾಂಕಿನ ಕಾಗದವನ್ನು ಹೆಂಡತಿಗೂ ತೋರಿಸದೆ ಕಪಾಟಿನಲ್ಲಿ ಇಡುತ್ತಾರೆ. ನನ್ನ ವಕೀಲಿಯಲ್ಲಿ ನಾನು ಕಂಡ ದೊಡ್ಡ ನಷ್ಟಗಳು ಸಾಲದಿಂದ ಆದವಲ್ಲ. ಈ ಮೌನದಿಂದ ಆದವು.

ಹಾಗಾಗಿ ಮೊದಲೇ ಒಂದು ಮಾತು ಹೇಳುತ್ತೇನೆ. ಸಾಲ ಕಟ್ಟಲಾಗದಿರುವುದು ಅಪರಾಧವಲ್ಲ. 1980ರಲ್ಲಿ ಜಾಲಿ ಜಾರ್ಜ್ ವರ್ಗೀಸ್ ಪ್ರಕರಣದಲ್ಲಿ ನ್ಯಾಯಮೂರ್ತಿ ಕೃಷ್ಣ ಅಯ್ಯರ್ ಅವರಿದ್ದ ಸುಪ್ರೀಂ ಕೋರ್ಟ್ ಪೀಠ ಇದನ್ನು ಸ್ಪಷ್ಟವಾಗಿ ಹೇಳಿದೆ. ಕೈಯಲ್ಲಿ ಹಣ ಇಲ್ಲದೆ, ಯಾವ ಮೋಸವನ್ನೂ ಮಾಡದೆ ಬಾಕಿ ಉಳಿಸಿಕೊಂಡವನನ್ನು ಬಡತನದ ಕಾರಣಕ್ಕೆ ಜೈಲಿಗೆ ಹಾಕುವಂತಿಲ್ಲ. ‘ನಾಳೆ ಪೊಲೀಸ್ ಬರುತ್ತಾರೆ’ ಎಂದು ಫೋನಿನಲ್ಲಿ ಹೆದರಿಸುವವರ ಮಾತಿಗೆ ಕಾನೂನಿನ ಬಲ ಇಲ್ಲ. ಆದರೆ ಚೆಕ್ ಬೌನ್ಸ್ ಆದರೆ ಅದು ಬೇರೆ ವಿಷಯ. ಅದು ಚೆಕ್ಕುಗಳ ಕಾನೂನಾದ ನೆಗೋಷಿಯಬಲ್ ಇನ್‌ಸ್ಟ್ರುಮೆಂಟ್ಸ್ ಕಾಯ್ದೆಯ ಕಲಂ 138ರ ಕೆಳಗೆ ಅಪರಾಧ. ಬ್ಯಾಂಕ್ ಖಾತೆಯಿಂದ ತಾನಾಗಿ ಕಂತು ಕಟ್ಟಾಗುವ ನ್ಯಾಚ್ (ಹಿಂದೆ ಇಸಿಎಸ್ ಇತ್ತು) ಹಣವಿಲ್ಲದೆ ವಾಪಸ್ಸಾದರೂ 2007ರ ಪಾವತಿ ಕಾನೂನಿನಲ್ಲಿ ಅಂಥದ್ದೇ ಶಿಕ್ಷೆ ಇದೆ. ಇದಕ್ಕೆ ನೋಟಿಸ್ ಬಂದರೆ ಹಣ ಕಟ್ಟಲು 15 ದಿನ ಇರುತ್ತದೆ. ಆ 15 ದಿನವನ್ನು ಕಳೆದುಕೊಳ್ಳಬೇಡಿ.

ಇನ್ನು ಕೋರ್ಟ್ ಏನು ಕೊಡುತ್ತದೆ, ಏನು ಕೊಡುವುದಿಲ್ಲ ಎಂಬುದು. ಕೋರ್ಟ್ ಸಾಲ ಮನ್ನಾ ಮಾಡುವುದಿಲ್ಲ. ಇದನ್ನು ಖಂಡಿತವಾಗಿ ತಿಳಿದುಕೊಳ್ಳಿ. ಕೋರ್ಟ್ ಕೊಡುವುದು ಎರಡೇ. ಒಂದು, ಸ್ವಲ್ಪ ಸಮಯ. ಇನ್ನೊಂದು, ಬ್ಯಾಂಕ್ ಕಾನೂನಿನ ದಾರಿಯಲ್ಲೇ ನಡೆದಿದೆಯಾ ಎಂಬ ತಪಾಸಣೆ. ಈ ಎರಡೂ ಬೇಗ ಬಾಯಿ ಬಿಟ್ಟವನಿಗೆ ಜಾಸ್ತಿ ಸಿಗುತ್ತವೆ, ತಡವಾಗಿ ಓಡಿ ಬಂದವನಿಗೆ ಕಡಿಮೆ. ಇವತ್ತು ನಾನು ಹೇಳಬೇಕೆಂದು ಬಂದಿರುವುದು ಇದನ್ನೇ.

ಕೊರೊನಾ ಕಾಲದ ಉದಾಹರಣೆ ನೋಡೋಣ. 2020ರ ಮಾರ್ಚ್ 27ರಂದು ರಿಸರ್ವ್ ಬ್ಯಾಂಕ್ ಮೂರು ತಿಂಗಳ ಕಂತಿಗೆ ವಿರಾಮ ಕೊಡಲು ಬ್ಯಾಂಕುಗಳಿಗೆ ಅನುಮತಿ ನೀಡಿತು. ಆಮೇಲೆ ಅದು ಆಗಸ್ಟ್ 31ರವರೆಗೆ ಮುಂದುವರಿಯಿತು. ನಮ್ಮ ಹೋಟೆಲುಗಳಿಗೆ ಅದು ಸಾಕಾಗಲಿಲ್ಲ. ಮಹಾರಾಷ್ಟ್ರದಲ್ಲಿ ಕೂತು ತಿನ್ನುವುದಕ್ಕೆ ಅವಕಾಶ ಸಿಕ್ಕಿದ್ದೇ ಅಕ್ಟೋಬರ್ 5ಕ್ಕೆ, ಅದೂ ಅರ್ಧ ಮೇಜುಗಳಿಗೆ. ಹುಡುಗರೆಲ್ಲ ಊರಿಗೆ ಹೋಗಿದ್ದರು, ಬಾಡಿಗೆ ಮಾತ್ರ ಓಡುತ್ತಿತ್ತು. ಆಗ ಆಗ್ರಾದ ಒಬ್ಬ ಸಾಲಗಾರರು ಸುಪ್ರೀಂ ಕೋರ್ಟಿಗೆ ಹೋದರು. ವಿರಾಮ ಕೊಟ್ಟ ತಿಂಗಳುಗಳಿಗೂ ಬಡ್ಡಿ ಹಾಕುವುದು ಸರಿಯಲ್ಲ ಎಂದು ಅವರ ವಾದ. ಸೆಪ್ಟೆಂಬರ್ 3ರಂದು ಕೋರ್ಟ್ ಒಂದು ತಾತ್ಕಾಲಿಕ ಆದೇಶ ಕೊಟ್ಟಿತು. ಆಗಸ್ಟ್ 31ರವರೆಗೆ ಎನ್‌ಪಿಎ, ಅಂದರೆ ಕಂತು ಬಾರದೆ ನಿಂತ ಸಾಲ, ಆಗದಿದ್ದ ಖಾತೆಗಳನ್ನು ಮುಂದಿನ ಆದೇಶದವರೆಗೆ ಎನ್‌ಪಿಎ ಎಂದು ಘೋಷಿಸಬಾರದು ಎಂದಿತು. ಕೊನೆಯ ತೀರ್ಪು ಬಂದಿದ್ದು 2021ರ ಮಾರ್ಚ್ 23ಕ್ಕೆ. ವಿರಾಮದ ಅವಧಿ ವಿಸ್ತರಿಸುವುದಿಲ್ಲ, ಪೂರ್ತಿ ಬಡ್ಡಿ ಮನ್ನಾ ಇಲ್ಲ, ಆದರೆ ಬಡ್ಡಿಯ ಮೇಲೆ ಬಡ್ಡಿ ಮಾತ್ರ ಯಾರಿಗೂ ಹಾಕಬಾರದು ಎಂದು ಕೋರ್ಟ್ ಹೇಳಿತು. ಸರ್ಕಾರ ಅದಕ್ಕೂ ಮೊದಲು 2 ಕೋಟಿವರೆಗಿನ ಸಾಲಗಳಿಗೆ ಮಾತ್ರ ಈ ಪರಿಹಾರ ಕೊಟ್ಟಿತ್ತು. ಕೋರ್ಟ್ ಆ ಮಿತಿ ತೆಗೆದುಹಾಕಿತು. ವಸೂಲಾದ ಚಕ್ರಬಡ್ಡಿಯನ್ನು ವಾಪಸ್ ಕೊಡಬೇಕು, ಇಲ್ಲವೇ ಮುಂದಿನ ಕಂತಿಗೆ ಹೊಂದಿಸಬೇಕು ಎಂದಿತು.

ಇಡೀ ದೇಶವೇ ನಿಂತುಹೋದ ಕಾಲದಲ್ಲೂ ಕೋರ್ಟ್ ಅಷ್ಟೇ ಕೊಟ್ಟಿದ್ದು. ಹೀಗಿರುವಾಗ ‘ಒಳ್ಳೆ ವಕೀಲ ಸಿಕ್ಕರೆ ಸಾಲವೇ ಹೋಗುತ್ತದೆ’ ಎಂದು ಯಾರಾದರೂ ಹೇಳಿದರೆ ನಂಬಬೇಡಿ. ಹಾಗೆ ಹೇಳಿ ಮುಂಗಡ ಫೀಸು ತೆಗೆದುಕೊಳ್ಳುವವರು ಇದ್ದಾರೆ. ನೋಡಿದರೆ ಹೊಟ್ಟೆ ಉರಿಯುತ್ತದೆ.

ಈಗ ಅಡ ಇಟ್ಟ ಸಾಲಕ್ಕೆ ಬರೋಣ. ಮನೆ, ಅಂಗಡಿ, ಗಾಲೆ (ವರ್ಕ್‌ಶಾಪಿನ ಮಳಿಗೆ) ಅಡ ಇಟ್ಟು ತೆಗೆದ ಸಾಲ. ಕಂತು ಬಾಕಿ ಬಿದ್ದು 90 ದಿನ ದಾಟಿದರೆ ಖಾತೆ ಎನ್‌ಪಿಎ ಆಗುತ್ತದೆ. ಆಮೇಲೆ ಬರುವುದು 2002ರ ಸರ್ಫೇಸಿ ಕಾನೂನು. ಈ ಕಾನೂನಿನಲ್ಲಿ ಬ್ಯಾಂಕ್ ಮೊದಲು ಸಿವಿಲ್ ಕೋರ್ಟಿಗೆ ಹೋಗಿ ದಾವೆ ಹೂಡಬೇಕಾಗಿಲ್ಲ. ತಾನೇ ನೋಟಿಸ್ ಕೊಟ್ಟು, ತಾನೇ ಸ್ವಾಧೀನಕ್ಕೆ ತೆಗೆದುಕೊಂಡು, ತಾನೇ ಹರಾಜು ಹಾಕಬಹುದು. ಇದಕ್ಕೆ ಹೊರತಾದ ಕೆಲವು ಇವೆ. ಕೃಷಿ ಜಮೀನಿಗೆ ಇದು ಅನ್ವಯಿಸುವುದಿಲ್ಲ. ಬಾಕಿ ಅಸಲು ಮತ್ತು ಬಡ್ಡಿಯ 20 ಶೇಕಡಕ್ಕಿಂತ ಕಡಿಮೆ ಇದ್ದರೂ ಅನ್ವಯಿಸುವುದಿಲ್ಲ. ಸಾಲ ಬಹುಪಾಲು ತೀರಿಸಿ ಕೊನೆಯಲ್ಲಿ ಸಿಕ್ಕಿಕೊಂಡವರು ಈ ಎರಡನೆಯದನ್ನು ಗಮನಿಸಿ. ಸಹಕಾರಿ ಬ್ಯಾಂಕಿಗೆ ಈ ಅಧಿಕಾರ ಇದೆಯೋ ಇಲ್ಲವೋ ಎಂಬ ಜಗಳ ಬಹಳ ಕಾಲ ನಡೆಯಿತು. 2020ರ ಮೇ ತಿಂಗಳಲ್ಲಿ, ಕೊಲ್ಹಾಪುರ ಜಿಲ್ಲೆಯ ಮುರಗೂಡದ ಒಂದು ಸಹಕಾರಿ ಬ್ಯಾಂಕಿನ ಪ್ರಕರಣದಲ್ಲಿ, ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ ಇದೆ ಎಂದು ತೀರ್ಮಾನಿಸಿತು.

ಕಲಂ 13(2)ರ ನೋಟಿಸ್ ನಿಮಗೆ 60 ದಿನ ಕೊಡುತ್ತದೆ. ಸಾಮಾನ್ಯವಾಗಿ ಜನ ಇದನ್ನು ‘60 ದಿನದಲ್ಲಿ ಹಣ ಕಟ್ಟು’ ಎಂದಷ್ಟೇ ಓದುತ್ತಾರೆ. ಹಣ ಇಲ್ಲ, ಆದ್ದರಿಂದ ಮಾಡುವುದು ಏನೂ ಇಲ್ಲ ಎಂದು ಬಿಟ್ಟುಬಿಡುತ್ತಾರೆ. ಆದರೆ ಅದೇ ಕಲಮಿನ ಒಳಗೆ 3ಎ ಎಂಬ ಉಪಕಲಂ ಇದೆ. ನೀವು ಲಿಖಿತ ಆಕ್ಷೇಪಣೆ ಕೊಟ್ಟರೆ ಬ್ಯಾಂಕ್ ಅದನ್ನು ಓದಲೇಬೇಕು. ಒಪ್ಪದಿದ್ದರೆ ಯಾಕೆ ಒಪ್ಪುವುದಿಲ್ಲ ಎಂದು 15 ದಿನದೊಳಗೆ ಕಾರಣ ಬರೆದು ಕಳಿಸಲೇಬೇಕು. ಇದು ಬ್ಯಾಂಕಿನ ಮೇಲಿರುವ ಕರ್ತವ್ಯ. ಆಕ್ಷೇಪಣೆಯಲ್ಲಿ ಏನು ಬರೆಯಬೇಕು? ಕಟ್ಟಿದ ಕಂತು ಲೆಕ್ಕಕ್ಕೆ ಬಂದಿಲ್ಲವೇ, ದಿನಾಂಕ ತಪ್ಪಿದೆಯೇ, ದಂಡವನ್ನು ಅಸಲಿಗೆ ಸೇರಿಸಿ ಅದರ ಮೇಲೂ ಬಡ್ಡಿ ಹಾಕಿದ್ದಾರೆಯೇ? 2023ರ ಆಗಸ್ಟ್ 18ರ ರಿಸರ್ವ್ ಬ್ಯಾಂಕ್ ಸುತ್ತೋಲೆಯ ಪ್ರಕಾರ ದಂಡವನ್ನು ದಂಡದ ಶುಲ್ಕವಾಗಿ ಮಾತ್ರ ಹಾಕಬಹುದು. ಅದನ್ನು ಬಡ್ಡಿದರಕ್ಕೆ ಸೇರಿಸುವಂತಿಲ್ಲ, ಅದರ ಮೇಲೆ ಮತ್ತೆ ಬಡ್ಡಿ ಹಾಕುವಂತಿಲ್ಲ. ಸ್ಟೇಟ್‌ಮೆಂಟ್ ತೆಗೆಸಿ ಒಂದೊಂದು ಸಾಲನ್ನೂ ಓದಿ. ಹೋಟೆಲಿನ ಗಲ್ಲಾದಲ್ಲಿ ಕೂತು ಪೈಸೆ ಪೈಸೆ ಲೆಕ್ಕ ಹಿಡಿಯುವ ನಮ್ಮವರಿಗೆ ಇದು ಕಷ್ಟವಲ್ಲ. ಆಕ್ಷೇಪಣೆಯನ್ನು ಸ್ಪೀಡ್ ಪೋಸ್ಟಿನಲ್ಲೂ ಕಳಿಸಿ, ಶಾಖೆಯಲ್ಲಿ ಕೊಟ್ಟು ಸೀಲು ಹಾಕಿಸಿಯೂ ಇಟ್ಟುಕೊಳ್ಳಿ. ನಾಳೆ ನ್ಯಾಯಮಂಡಳಿ ಮೊದಲು ಕೇಳುವುದು ಆ ಸೀಲಿನ ಪ್ರತಿಯನ್ನೇ.

ಇದರ ಜೊತೆಗೆ ಒಂದು ವಿಷಯವನ್ನು ಇಲ್ಲಿರುವ ಹೋಟೆಲಿನವರು, ವರ್ಕ್‌ಶಾಪಿನವರು, ಕ್ಯಾಟರಿಂಗಿನವರು ಗಮನ ಕೊಟ್ಟು ಕೇಳಬೇಕು. ಸಣ್ಣ ಉದ್ದಿಮೆಗಳು ತೊಂದರೆಯಲ್ಲಿದ್ದರೆ ಅವನ್ನು ಎತ್ತಿ ನಿಲ್ಲಿಸಲು 2015ರ ಮೇ 29ರಂದು ಕೇಂದ್ರ ಸರ್ಕಾರ ಒಂದು ಚೌಕಟ್ಟು ಹೊರಡಿಸಿತು. ರಿಸರ್ವ್ ಬ್ಯಾಂಕ್ 2016ರ ಮಾರ್ಚ್‌ನಲ್ಲಿ ಅದನ್ನು ಬ್ಯಾಂಕುಗಳಿಗೆ ಕಳಿಸಿತು. 25 ಕೋಟಿವರೆಗಿನ ಸಾಲಕ್ಕೆ ಇದು ಇದೆ. ಖಾತೆ ಎನ್‌ಪಿಎ ಆಗುವ ಮೊದಲೇ ಬ್ಯಾಂಕ್ ತೊಂದರೆಯ ಲಕ್ಷಣ ಗುರುತಿಸಬೇಕು, ಸಮಿತಿಯ ಮುಂದೆ ಇಡಬೇಕು. ಕಂತು ಮರುಹೊಂದಿಸಬಹುದೇ, ಸರಿಪಡಿಸಬಹುದೇ, ಇಲ್ಲ ವಸೂಲಿಗೇ ಹೋಗಬೇಕೇ ಎಂದು ಸಮಿತಿ ನೋಡುತ್ತದೆ. ಉದ್ದಿಮೆದಾರನೂ ತಾನಾಗಿ ಅರ್ಜಿ ಕೊಡಬಹುದು.

ಈ ಚೌಕಟ್ಟನ್ನು ಬ್ಯಾಂಕ್ ಪಾಲಿಸದೆ ಖಾತೆಯನ್ನು ಎನ್‌ಪಿಎ ಮಾಡಿತು ಎಂದು ಮುಂಬೈಯ ಕೆಲವು ಉದ್ದಿಮೆಗಳು ಬಾಂಬೆ ಹೈಕೋರ್ಟಿಗೆ ಹೋದವು. ಬ್ಯಾಂಕ್ ತಾನಾಗಿ ಈ ಪ್ರಕ್ರಿಯೆ ಶುರು ಮಾಡಬೇಕಾಗಿಲ್ಲ ಎಂದು ಹೈಕೋರ್ಟ್ ಹೇಳಿತು. 2024ರ ಆಗಸ್ಟ್ 1ರಂದು, ಪ್ರೋ ನಿಟ್ಸ್ ಪ್ರಕರಣದಲ್ಲಿ, ಸುಪ್ರೀಂ ಕೋರ್ಟ್ ಅದನ್ನು ತಿರುಗಿಸಿತು. ಚೌಕಟ್ಟಿಗೆ ಕಾನೂನಿನ ಬಲ ಇದೆ, ಬ್ಯಾಂಕ್ ಪಾಲಿಸಲೇಬೇಕು ಎಂದಿತು. ಆದರೆ ಅದೇ ತೀರ್ಪಿನಲ್ಲಿ ಇನ್ನೊಂದು ಮಾತಿದೆ. ತಾನು ಸಣ್ಣ ಉದ್ದಿಮೆ ಎಂದು ಎನ್‌ಪಿಎ ಆಗುವ ಮೊದಲೇ ದಾಖಲೆ ಸಮೇತ ಬ್ಯಾಂಕಿಗೆ ತಿಳಿಸುವುದು ಸಾಲಗಾರನ ಹೊಣೆ. ಸರ್ಫೇಸಿ ಕ್ರಮವೆಲ್ಲ ನಡೆದು ಮುಗಿಯುವವರೆಗೆ ಸುಮ್ಮನಿದ್ದು, ಆಮೇಲೆ ‘ನನಗೆ ಆ ಸವಲತ್ತು ಕೊಡಲಿಲ್ಲ’ ಎನ್ನುವಂತಿಲ್ಲ. 2025ರಲ್ಲಿ ಮುಂಬೈಯ ಒಂದು ಸಹಕಾರಿ ಬ್ಯಾಂಕಿನ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಸ್ವಲ್ಪ ಇನ್ನಷ್ಟು ದಾರಿ ಬಿಟ್ಟಿತು. 13(2) ನೋಟಿಸಿಗೆ ಉತ್ತರ ಕೊಡುವಾಗಲಾದರೂ ಕಾರಣ ಬರೆದು, ಅಫಿಡವಿಟ್ ಸಮೇತ ಈ ಸವಲತ್ತು ಕೇಳಿದರೆ ಬ್ಯಾಂಕ್ ಅದನ್ನು ನೋಡಬೇಕು, ಅಲ್ಲಿಯವರೆಗೆ ಮುಂದಿನ ಕ್ರಮ ತಡೆಹಿಡಿಯಬೇಕು.

ಇಷ್ಟೆಲ್ಲ ಇದ್ದೂ ನಮ್ಮಲ್ಲಿ ಎಷ್ಟು ಜನ ಉದ್ಯಮ್ ನೋಂದಣಿ, ಅಂದರೆ ಸಣ್ಣ ಉದ್ದಿಮೆ ಎಂದು ಸರ್ಕಾರದಲ್ಲಿ ಹೆಸರು ದಾಖಲಿಸುವುದು, ಮಾಡಿಸಿದ್ದಾರೆ? ಮಾಡಿಸಿದವರಲ್ಲಿ ಎಷ್ಟು ಜನ ಆ ಪ್ರಮಾಣಪತ್ರವನ್ನು ಬ್ಯಾಂಕಿಗೆ ಕೊಟ್ಟಿದ್ದಾರೆ? ನೋಂದಣಿಗೆ ಫೀಸು ಇಲ್ಲ. ಆಧಾರ್, ಪ್ಯಾನ್ ಇದ್ದರೆ ಆನ್‌ಲೈನಿನಲ್ಲಿ ಆಗುತ್ತದೆ. ವ್ಯಾಪಾರ ಚೆನ್ನಾಗಿ ನಡೆಯುತ್ತಿರುವಾಗಲೇ ಮಾಡಿಸಿ, ಶಾಖೆಗೆ ಕೊಟ್ಟು ಸ್ವೀಕೃತಿ ತೆಗೆದುಕೊಳ್ಳಿ. ದಯವಿಟ್ಟು ಈ ಒಂದು ಕೆಲಸವನ್ನು ಈ ವಾರವೇ ಮಾಡಿ.

60 ದಿನ ಮುಗಿದ ಮೇಲೆ ಸ್ವಾಧೀನದ ನೋಟಿಸ್ ಬರುತ್ತದೆ. ಮನೆ ಬಾಗಿಲಿಗೆ ಅಂಟಿಸುತ್ತಾರೆ, ಎರಡು ಪತ್ರಿಕೆಗಳಲ್ಲಿ ಹಾಕುತ್ತಾರೆ. ಒಂದು ಸ್ಥಳೀಯ ಭಾಷೆಯದ್ದಾಗಿರಬೇಕು. ಇಲ್ಲಿ ಅದು ಮರಾಠಿ. ನಮ್ಮ ಕೆಲವು ಹಿರಿಯರು ಮರಾಠಿ ಚೆನ್ನಾಗಿ ಮಾತಾಡುತ್ತಾರೆ, ಆದರೆ ಮರಾಠಿ ಪತ್ರಿಕೆ ಓದುವುದಿಲ್ಲ. ‘ತಾಬಾ ಸೂಚನಾ’ ಎಂಬ ತಲೆಬರಹ ಕಂಡರೆ ಮಕ್ಕಳಿಂದ ಓದಿಸಿ. ಕಾಗದದ ಮೇಲಿನ ಈ ಸ್ವಾಧೀನ ಆದ ದಿನದಿಂದ 45 ದಿನದೊಳಗೆ ಸಾಲ ವಸೂಲಿ ನ್ಯಾಯಮಂಡಳಿಗೆ, ಅಂದರೆ ಡಿಆರ್‌ಟಿಗೆ, ಕಲಂ 17ರಲ್ಲಿ ಅರ್ಜಿ ಹಾಕಬಹುದು. ಮುಂಬೈಗೆ ಇಂಥ ಮೂರು ನ್ಯಾಯಮಂಡಳಿಗಳಿವೆ, ಪುಣೆಗೆ ಒಂದು. ಸಿವಿಲ್ ಕೋರ್ಟಿಗೆ ಹೋಗಿ ಪ್ರಯೋಜನವಿಲ್ಲ. ಕಲಂ 34 ಅದನ್ನು ಮುಚ್ಚಿದೆ.

ಮೊದಲು ಈ ಅರ್ಜಿ ಹಾಕಬೇಕಾದರೆ ಬ್ಯಾಂಕ್ ಕೇಳಿದ ಮೊತ್ತದ 75 ಶೇಕಡ ಠೇವಣಿ ಇಡಬೇಕಿತ್ತು. 2004ರ ಮಾರ್ಡಿಯಾ ಕೆಮಿಕಲ್ಸ್ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ ಕಾನೂನನ್ನು ಎತ್ತಿಹಿಡಿದರೂ ಈ ಷರತ್ತನ್ನು ಮಾತ್ರ ರದ್ದು ಮಾಡಿತು. ಕಟ್ಟಲು ಹಣ ಇಲ್ಲದವನಿಗೆ, ಹಣ ಕಟ್ಟಿ ಆಮೇಲೆ ನ್ಯಾಯ ಕೇಳು ಎನ್ನುವುದು ಎಂಥ ಮಾತು? ಇವತ್ತು ಸಾಮಾನ್ಯ ಸಾಲಗಾರ ಬಾಗಿಲು ತಟ್ಟಲು ಆಗುತ್ತಿರುವುದು ಆ ತೀರ್ಪಿನಿಂದ. ಆದರೆ ಡಿಆರ್‌ಟಿಯಲ್ಲಿ ಸೋತು ಮೇಲ್ಮನವಿಗೆ ಹೋಗುವುದಾದರೆ 50 ಶೇಕಡ ಇಡಬೇಕು. ಮೇಲ್ಮನವಿ ಮಂಡಳಿ ಅದನ್ನು 25ರವರೆಗೆ ಇಳಿಸಬಹುದು. ಅದಕ್ಕಿಂತ ಕೆಳಗೆ ಇಲ್ಲ.

ಡಿಆರ್‌ಟಿಯಲ್ಲಿ ಏನಾಗುತ್ತದೆ? ನೋಟಿಸ್ ಸರಿಯಾಗಿ ತಲುಪಿತೇ, ಆಕ್ಷೇಪಣೆಗೆ ಉತ್ತರ ಬಂತೇ, ಆಸ್ತಿಯ ಬೆಲೆ ಸರಿಯಾಗಿ ಕಟ್ಟಿಸಿದ್ದಾರೆಯೇ, ಮೊದಲ ಹರಾಜಿಗೆ 30 ದಿನದ ಸೂಚನೆ ಇತ್ತೇ ಎಂದು ನೋಡುತ್ತಾರೆ. ತಪ್ಪಿದ್ದರೆ ಸ್ವಾಧೀನವನ್ನೇ ವಾಪಸ್ ಮಾಡಿಸುವ ಅಧಿಕಾರ ಇದೆ, ಪರಿಹಾರ ಕೊಡಿಸುವ ಅಧಿಕಾರವೂ ಇದೆ. ತಡೆಯಾಜ್ಞೆ ಕೊಡುವಾಗ ಹೆಚ್ಚಾಗಿ ಒಂದು ಷರತ್ತು ಇರುತ್ತದೆ. ಇಷ್ಟು ಹಣ ಇಷ್ಟು ವಾರದೊಳಗೆ ಕಟ್ಟಿ ಎನ್ನುತ್ತಾರೆ. ಅಲ್ಲಿ ನಮ್ಮವರು ಮಾಡುವ ಒಂದು ಕೆಲಸ ನನಗೆ ಬಹಳ ಬೇಸರ ತರುತ್ತದೆ. ಆ ಕ್ಷಣದ ಸ್ಟೇಗಾಗಿ ಆಗದ ಮೊತ್ತಕ್ಕೆ ಒಪ್ಪಿಕೊಂಡುಬಿಡುತ್ತಾರೆ. ದಿನ ತಪ್ಪಿತು, ಸ್ಟೇ ಹೋಯಿತು, ಆಮೇಲೆ ಅದೇ ಪೀಠದ ಮುಂದೆ ನಿಮ್ಮ ಮಾತಿಗೆ ಬೆಲೆ ಇರುವುದಿಲ್ಲ. ಕೈಲಾಗುವ ಅಂಕಿಯನ್ನೇ ಹೇಳಿ. ಎಲ್ಲಿಂದ ಬರುತ್ತದೆ ಎಂದು ತೋರಿಸಿ. ಚಿಕ್ಕ ಮೊತ್ತವನ್ನು ತಪ್ಪದೆ ಕಟ್ಟಿದವನನ್ನು ನ್ಯಾಯಮಂಡಳಿ ನಂಬುತ್ತದೆ.

ಬೀಗ ಹಾಕಲು ಬರುವವರು ಕಲಂ 14ರ ಮ್ಯಾಜಿಸ್ಟ್ರೇಟ್ ಆದೇಶ ಹಿಡಿದು ಬರುತ್ತಾರೆ. ಮ್ಯಾಜಿಸ್ಟ್ರೇಟ್ ಅಲ್ಲಿ ನಿಮ್ಮ ವಾದ ಕೇಳುವುದಿಲ್ಲ, ಬ್ಯಾಂಕಿನ ಅಫಿಡವಿಟ್ ಸರಿಯಿದೆಯೇ ಎಂದು ನೋಡುತ್ತಾರೆ ಅಷ್ಟೇ. 2022ರ ಸುಪ್ರೀಂ ಕೋರ್ಟ್ ತೀರ್ಪಿನ ಮೇಲೆ ಸ್ವಾಧೀನ ಪಡೆಯಲು ವಕೀಲರನ್ನೂ ಕಮಿಷನರ್ ಆಗಿ ಕಳಿಸಬಹುದು. ಆದೇಶದ ಪ್ರತಿ ಕೇಳಿ ಪಡೆಯಿರಿ. ಜಗಳ ಮಾಡಬೇಡಿ, ಬಾಗಿಲು ಒಳಗಿನಿಂದ ಹಾಕಿಕೊಂಡು ಕೂರಬೇಡಿ.

ಒಂದು ಗಡಿ ಇದೆ, ಅದನ್ನು ದಾಟಿದ ಮೇಲೆ ಹಣ ತಂದರೂ ಕೆಲಸವಾಗುವುದಿಲ್ಲ. 2016ರ ತಿದ್ದುಪಡಿಯ ನಂತರ ಪೂರ್ತಿ ಬಾಕಿ ಕಟ್ಟಿ ಆಸ್ತಿ ಬಿಡಿಸಿಕೊಳ್ಳುವ ಹಕ್ಕು ಹರಾಜಿನ ಸೂಚನೆ ಪ್ರಕಟವಾಗುವವರೆಗೆ ಮಾತ್ರ. 2023ರ ಸೆಪ್ಟೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಬಾಫ್ನಾ ಮೋಟರ್ಸ್ ಪ್ರಕರಣದಲ್ಲಿ ಇದನ್ನು ಗಟ್ಟಿ ಮಾಡಿತು. ಹರಾಜಿನಲ್ಲಿ ಕೂಗಿದ ಬೆಲೆ ಸುಮಾರು 105 ಕೋಟಿ. ಸಾಲಗಾರ ಕಂಪನಿ 129 ಕೋಟಿ ಕಟ್ಟಲು ಮುಂದೆ ಬಂತು. ಬಾಂಬೆ ಹೈಕೋರ್ಟ್ ಒಪ್ಪಿತ್ತು. ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. ಹರಾಜಿನಲ್ಲಿ ಕೊಂಡವನಿಗೇ ಆಸ್ತಿ ಎಂದಿತು. ಜಾಸ್ತಿ ಹಣ ತಂದವನೇ ಸೋತ. ಊರಿನ ತೋಟ ಮಾರಿ ಹಣ ತರೋಣ ಎಂದಿದ್ದವರು ಪತ್ರಿಕೆಯಲ್ಲಿ ಹರಾಜಿನ ಸೂಚನೆ ಬರುವ ಮೊದಲೇ ತರಬೇಕು.

ಒಂದೇ ಸಲ ಕಟ್ಟಿ ಮುಗಿಸುವ ಒಟಿಎಸ್ ಬಗ್ಗೆ ಎಲ್ಲರೂ ಕೇಳುತ್ತಾರೆ. ಅದು ಹಕ್ಕಲ್ಲ. 2021ರ ಡಿಸೆಂಬರ್‌ನಲ್ಲಿ ಬಿಜನೋರ್ ಸಹಕಾರಿ ಬ್ಯಾಂಕಿನ ಪ್ರಕರಣದಲ್ಲಿ, ಒಟಿಎಸ್ ಕೊಡಿ ಎಂದು ಬ್ಯಾಂಕಿಗೆ ಹೈಕೋರ್ಟ್ ಆಜ್ಞೆ ಮಾಡುವಂತಿಲ್ಲ ಎಂದು ಸುಪ್ರೀಂ ಕೋರ್ಟ್ ಹೇಳಿದೆ. ಆದರೆ ಮಾತುಕತೆಗೆ ಲೋಕ ಅದಾಲತ್ ಒಳ್ಳೆಯ ಜಾಗ. ಅಲ್ಲಿ ಆದ ರಾಜಿಗೆ ಡಿಕ್ರಿಯ ಬೆಲೆ ಇದೆ, ಅದರ ಮೇಲೆ ಅಪೀಲು ಇಲ್ಲ. ಸಹಿ ಹಾಕುವ ಮೊದಲು ಯೋಚಿಸಿ, ಹಾಕಿದ ಮೇಲೆ ಪಾಲಿಸಿ.

ಇನ್ನು ಪ್ರಶ್ನೆಗಳು.

ಒಬ್ಬರು ಅಕ್ಕ ಕೇಳಿದರು, ಗಂಡ ಸ್ನೇಹಿತನ ಸಾಲಕ್ಕೆ ಜಾಮೀನು ಹಾಕಿದ್ದಾರೆ, ಮೊದಲು ಸ್ನೇಹಿತನನ್ನು ಹಿಡಿಯಬೇಕಲ್ವಾ ಎಂದು. ಬೇಡ ಅಕ್ಕ, ಕಾನೂನು ಹಾಗೆ ಹೇಳುವುದಿಲ್ಲ. ಕರಾರು ಕಾನೂನಿನ ಕಲಂ 128ರಲ್ಲಿ ಜಾಮೀನುದಾರನ ಹೊಣೆ ಸಾಲಗಾರನ ಹೊಣೆಯಷ್ಟೇ. ಬ್ಯಾಂಕ್ ಯಾರನ್ನು ಬೇಕಾದರೂ ಮೊದಲು ಹಿಡಿಯಬಹುದು. ಆದರೆ ನಿಮ್ಮವರು ಒಪ್ಪದೆ ಸಾಲದ ಷರತ್ತು ಬದಲಾಗಿದ್ದರೆ ವಾದಕ್ಕೆ ಜಾಗ ಇದೆ. ಜಾಮೀನು ಪತ್ರದಲ್ಲಿ ಆ ಬಗ್ಗೆ ಮೊದಲೇ ಒಪ್ಪಿಗೆ ಬರೆಸಿಕೊಂಡಿದ್ದಾರಾ ನೋಡಬೇಕು. ನೋಟಿಸ್ ನಿಮ್ಮ ಮನೆಗೂ ಬರುತ್ತದೆ, ನೀವೂ ಉತ್ತರ ಕೊಡಿ.

ಪಗಡಿ ಜಾಗದಲ್ಲಿ, ಅಂದರೆ ಒಮ್ಮೆಗೆ ದೊಡ್ಡ ಮೊತ್ತ ಕೊಟ್ಟು ಹಿಡಿದ ಹಳೆಯ ಬಾಡಿಗೆ ಜಾಗದಲ್ಲಿ, ಹೋಟೆಲ್ ನಡೆಸುವ ಒಬ್ಬರಿಗೆ ಬೇರೆ ಭಯ. ಕಟ್ಟಡದ ಮಾಲೀಕ ಸಾಲ ಮಾಡಿ ಬಾಕಿ ಬಿದ್ದಿದ್ದಾನೆ, ಬ್ಯಾಂಕ್ ನಮ್ಮನ್ನು ಎಬ್ಬಿಸುತ್ತದಾ? ಇದಕ್ಕೆ ಮುಂಬೈಯಿಂದಲೇ ಹೋದ ವಿಶಾಲ್ ಕಲ್ಸಾರಿಯಾ ಪ್ರಕರಣದ 2016ರ ತೀರ್ಪು ಇದೆ. ಬಾಡಿಗೆ ಕಾನೂನಿನ ರಕ್ಷಣೆ ಇರುವ ಬಾಡಿಗೆದಾರನನ್ನು ಸರ್ಫೇಸಿ ಹೆಸರಿನಲ್ಲಿ ಹೊರಗೆ ಹಾಕುವಂತಿಲ್ಲ. ಆದರೆ ಬಾಡಿಗೆ ನಿಜವಾದದ್ದು, ಹಳೆಯದು ಎಂದು ನೀವು ತೋರಿಸಬೇಕು. ಬಾಡಿಗೆ ರಸೀದಿ, ಲೈಟ್ ಬಿಲ್, ಲೈಸೆನ್ಸು ಎಲ್ಲ ಜೋಪಾನವಾಗಿಡಿ. ಬೇರೆಯವರ ಲೈಸೆನ್ಸಿನ ಮೇಲೆ ಕಂಡಕ್ಟಿಂಗ್ ತೆಗೆದುಕೊಂಡು ನಡೆಸುವವರಿಗೆ ಈ ರಕ್ಷಣೆ ಇದೆ ಎಂದುಕೊಳ್ಳಬೇಡಿ.

ನೋಟಿಸ್ ಬಂದ ಮೇಲೆ ಫ್ಲ್ಯಾಟನ್ನು ತಮ್ಮನ ಹೆಸರಿಗೆ ಮಾಡಬಹುದೇ? ಬೇಡ. ಕಲಂ 13(13) ಅದನ್ನು ತಡೆಯುತ್ತದೆ. ಅಡ ಇಟ್ಟದ್ದನ್ನು ಸಾಗಹಾಕಲು ನೋಡಿದವನಿಗೆ ಯಾವ ಕೋರ್ಟಿನಲ್ಲೂ ಅನುಕಂಪ ಸಿಗುವುದಿಲ್ಲ.

ಪತ್‌ಪೇಢಿಯ, ಅಂದರೆ ಸಹಕಾರಿ ಪತ್ತಿನ ಸಂಘದ, ಸಾಲದ ಬಗ್ಗೆ ಒಬ್ಬ ಹುಡುಗ ಕೇಳಿದ. ಪತ್‌ಪೇಢಿ ಬ್ಯಾಂಕ್ ಅಲ್ಲ, ಅದು ಹಿಡಿಯುವ ದಾರಿ ಸರ್ಫೇಸಿ ಅಲ್ಲ. ಮಹಾರಾಷ್ಟ್ರದ ಸಹಕಾರಿ ಸಂಘಗಳ ಕಾನೂನಿನ ಕಲಂ 101ರಲ್ಲಿ ರಿಜಿಸ್ಟ್ರಾರ್ ಹತ್ತಿರ ವಸೂಲಿ ಪ್ರಮಾಣಪತ್ರ ಪಡೆಯುತ್ತಾರೆ. ಆ ವಿಚಾರಣೆಯ ನೋಟಿಸ್ ಬಂದಾಗಲೇ ಹೋಗಿ ಹಾಜರಾಗಬೇಕು. ಪ್ರಮಾಣಪತ್ರ ಆದ ಮೇಲೆ ಪುನರ್ ಪರಿಶೀಲನೆಗೆ ಅರ್ಧ ಹಣ ಕಟ್ಟಬೇಕಾಗುತ್ತದೆ.

ಏಜೆಂಟರ ಕಾಟ. ರಿಸರ್ವ್ ಬ್ಯಾಂಕಿನ 2022ರ ಆಗಸ್ಟ್ ಸುತ್ತೋಲೆಯಂತೆ ಬಾಕಿ ವಸೂಲಿಗೆ ಬೆಳಗ್ಗೆ 8ಕ್ಕೆ ಮೊದಲು, ಸಂಜೆ 7ರ ನಂತರ ಫೋನ್ ಮಾಡುವಂತಿಲ್ಲ. ನೆಂಟರಿಗೆ, ಅಕ್ಕಪಕ್ಕದವರಿಗೆ ಹೇಳಿ ಅವಮಾನ ಮಾಡುವಂತಿಲ್ಲ. ಕರೆ ದಾಖಲಿಸಿಕೊಳ್ಳಿ, ಮೊದಲು ಬ್ಯಾಂಕಿಗೇ ದೂರು ಬರೆಯಿರಿ. 30 ದಿನದಲ್ಲಿ ಉತ್ತರ ಬರದಿದ್ದರೆ ರಿಸರ್ವ್ ಬ್ಯಾಂಕಿನ ಲೋಕಪಾಲರಿಗೆ ಬರೆಯಿರಿ. ಫೀಸು ಇಲ್ಲ, ವಕೀಲರೂ ಬೇಕಿಲ್ಲ.

ಕೊನೆಯ ಪ್ರಶ್ನೆ ಸಾಲ ತೀರಿಸಿದವರದ್ದು. ಎಲ್ಲ ಕಟ್ಟಿ ತಿಂಗಳುಗಳಾದರೂ ಮನೆಯ ಕಾಗದ ಕೊಟ್ಟಿಲ್ಲ ಎಂದರು. 2023ರ ಡಿಸೆಂಬರ್ 1ರಿಂದ ಜಾರಿಗೆ ಬಂದ ನಿಯಮದಂತೆ ಸಾಲ ಪೂರ್ತಿ ತೀರಿದ 30 ದಿನದೊಳಗೆ ಮೂಲ ದಾಖಲೆ ವಾಪಸ್ ಕೊಡಬೇಕು. ಬ್ಯಾಂಕಿನ ಕಾರಣಕ್ಕೆ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ. ಅವರು ಅದನ್ನು ಕೇಳಿಯೇ ಇರಲಿಲ್ಲ. ಕೇಳುವುದು ಹೇಗೆಂದು ಅಲ್ಲೇ ಕೂತು ಒಂದು ಅರ್ಜಿ ಬರೆದುಕೊಟ್ಟೆ. ಸಾಲದ ಖಾತೆ ಸಂಖ್ಯೆ, ಕೊನೆಯ ಪಾವತಿಯ ದಿನಾಂಕ, ಬಾಕಿ ಇಲ್ಲವೆಂಬ ಪತ್ರದ ಪ್ರತಿ, ಇಷ್ಟು ಇದ್ದರೆ ಸಾಕು.